ಬ್ಯಾಡಗಿಯಲ್ಲೇ ಇದ್ದು ಕನ್ನಡ ಸಿನಿಮಾ ನಿರ್ಮಾಪಕ ಆಗಬಹುದಾ?

ಪ್ರಶ್ನೆ: ನಾನು ಬ್ಯಾಡಗಿಯವನು. ವಯಸ್ಸು 26. ನಮ್ಮದು ಮೆಣಸಿನಕಾಯಿ ದಲಾಲಿ ಅಂಗಡಿ. ನನಗೆ ನಟನೆಯ ಹುಚ್ಚಿಲ್ಲ, ನಿರ್ದೇಶನದ ಹುಚ್ಚೂ ಇಲ್ಲ. ನಮ್ಮ ಕಡೆಯ ಕಥೆ, ನಮ್ಮ ಕಡೆಯ ಮಾತು ಇರುವ ಕನ್ನಡ ಸಿನಿಮಾಗಳನ್ನು ತೆಗೆಯುವ ನಿರ್ಮಾಪಕ ಆಗಬೇಕು ಅನ್ನುವುದು ಆಸೆ. ಒಂದು ಸಿನಿಮಾ ಅಲ್ಲ, ಜೀವನ ಪೂರ್ತಿ ಅದೇ ಕೆಲಸ. ಅಪ್ಪ ಮಾತ್ರ "ಹೊಳ್ಯಾಗ ಹುಣಸಿಹಣ್ಣ ತೊಳದಂಗ ಅದು" ಅಂತಾರೆ. ಇದನ್ನು ಕಸುಬು ಮಾಡಿಕೊಳ್ಳಬಹುದಾ? ಬೆಂಗಳೂರಿಗೆ ಹೋಗಲೇಬೇಕಾ? ಎಲ್ಲಿಂದ ಶುರು ಮಾಡಲಿ?

ಉತ್ತರ: ನಿಮ್ಮ ಪತ್ರವನ್ನು ಎರಡು ಸಲ ಓದಿದೆ. "ಒಂದು ಸಿನಿಮಾ ಅಲ್ಲ, ಜೀವನ ಪೂರ್ತಿ" ಅನ್ನುವ ಮಾತು ಮನಸ್ಸಿಗೆ ಹಿಡಿಸಿತು. ನಾನೂ ಸಿನಿಮಾ ನಿರ್ಮಾಪಕನೇ. ಹುಬ್ಬಳ್ಳಿಯ ನನ್ನ ಆಫೀಸಿಗೆ ವರ್ಷಕ್ಕೆ ಹತ್ತಾರು ಮಂದಿ ಬರುತ್ತಾರೆ. ಒಬ್ಬರಿಗೆ ಮಗನನ್ನು ಹೀರೋ ಮಾಡಬೇಕು. ಇನ್ನೊಬ್ಬರಿಗೆ ಹೊಲ ಮಾರಿದ ದುಡ್ಡು ಕೈಯಲ್ಲಿದೆ, ಹೆಸರು ಬೇಕು. ಒಂದು ಸಿನಿಮಾ ತೆಗೆದು, ಕೈ ಸುಟ್ಟುಕೊಂಡು, ಆಮೇಲೆ ಈ ಕಡೆ ತಲೆ ಹಾಕುವುದಿಲ್ಲ. ಅಂಥವರಿಂದ ಕನ್ನಡ ಸಿನಿಮಾ ಬೆಳೆದಿಲ್ಲ. ಎರಡನೆಯದು, ಮೂರನೆಯದು, ಹತ್ತನೆಯದು ತೆಗೆದವರಿಂದ ಬೆಳೆದಿದೆ.

ಹಾಗಾಗಿ ನೇರವಾಗಿ ಹೇಳಿಬಿಡುತ್ತೇನೆ. ಇದನ್ನು ಕಸುಬು ಮಾಡಿಕೊಳ್ಳಬಹುದು. ಬ್ಯಾಡಗಿ ಬಿಡಬೇಕಾಗಿಲ್ಲ, ಬೆಂಗಳೂರಿಗೆ ಆಗಾಗ ಓಡಾಡಿದರೆ ಸಾಕು. ಆದರೆ ಶುರು ಮಾಡುವುದು ಟಿಕೆಟ್ ಕೌಂಟರ್‌ನಿಂದ. ಕಥೆ, ಕ್ಯಾಮೆರಾ, ನಟರು ಎಲ್ಲ ಆಮೇಲೆ. ಇದೇನು ವಿಚಿತ್ರ ಅನ್ನಿಸಬಹುದು. ನಾನು ಇದನ್ನು ಹೇಗೆ ಕಲಿತೆ ಅಂತ ಹೇಳುತ್ತೇನೆ.

1987ರಲ್ಲಿ ನನಗೆ ಹತ್ತೊಂಬತ್ತು ವರ್ಷ. ಹುಬ್ಬಳ್ಳಿಯ ಹಂಚಿಕೆದಾರರೊಬ್ಬರ ಬಳಿ ರೆಪ್ರಸೆಂಟೇಟಿವ್ ಕೆಲಸ. ಸಿನಿಮಾ ಪ್ರಿಂಟ್ ಯಾವ ಊರಿಗೆ ಹೋಗುತ್ತದೋ ಆ ಊರಿಗೆ ನಾನೂ ಹೋಗಬೇಕು. ಟಾಕೀಸಿನಲ್ಲಿ ಎಷ್ಟು ಟಿಕೆಟ್ ಹೋಯಿತು ಅಂತ ನೋಡಿ ಬರೆದುಕೊಳ್ಳಬೇಕು. ನನ್ನ ಮೊದಲ ಊರು ಗದಗ. ರಾತ್ರಿ ಆಟ ಶುರುವಾಗಿ ಅರ್ಧ ಗಂಟೆಗೆ ಕೌಂಟರ್ ಮುಚ್ಚುತ್ತಿದ್ದರು. ಮ್ಯಾನೇಜರ್ ಟಿಕೆಟ್ ಪುಸ್ತಕಗಳನ್ನು ತಂದು ಟೇಬಲ್ ಮೇಲೆ ಇಡುತ್ತಿದ್ದರು. ಗಾಂಧಿ ಕ್ಲಾಸಿನದು ಒಂದು ಬಣ್ಣ, ಬಾಲ್ಕನಿಯದು ಇನ್ನೊಂದು. ಬೆಳಿಗ್ಗೆ ಬರೆದಿಟ್ಟ ನಂಬರ್ ಎಷ್ಟು, ಈಗ ಮೇಲಿರುವ ನಂಬರ್ ಎಷ್ಟು, ಕಳೆದರೆ ಹೋದ ಟಿಕೆಟ್ ಎಷ್ಟು. ಕಾರ್ಬನ್ ಪೇಪರ್ ಇಟ್ಟು ಮೂರು ಪ್ರತಿ ಡಿಸಿಆರ್ ಬರೆಯಬೇಕು. ದಿನದ ಕಲೆಕ್ಷನ್ ಹಾಳೆಗೆ ನಾವೆಲ್ಲ ಡಿಸಿಆರ್ ಅಂತಲೇ ಹೇಳುವುದು. ತೆರಿಗೆ ಎಷ್ಟು, ಅದು ಕಳೆದು ಉಳಿದ ನೆಟ್ ಎಷ್ಟು, ಟಾಕೀಸಿನ ಬಾಡಿಗೆ ಎಷ್ಟು, ನಮಗೆ ಬರುವ ಶೇರ್ ಎಷ್ಟು. ಬೆರಳ ತುದಿಗೆ ನೀಲಿ ಮಸಿ ಹತ್ತುತ್ತಿತ್ತು. ಆಮೇಲೆ ಟಾರ್ಚ್ ಹಿಡಿದು ಒಳಗೆ ಹೋಗಿ, ಗೋಡೆ ಬದಿಗೆ ನಿಂತು ತಲೆ ಎಣಿಸುತ್ತಿದ್ದೆ. ಹಾಳೆಯ ಲೆಕ್ಕ, ತಲೆ ಲೆಕ್ಕ ಎರಡೂ ಕೂಡಬೇಕು.

ತಲೆ ಎಣಿಸುತ್ತಾ ಎಣಿಸುತ್ತಾ ನಾನು ಜನರ ಮುಖ ನೋಡುವುದು ಕಲಿತೆ. ಯಾವ ಮಾತಿಗೆ ನಗುತ್ತಾರೆ, ಯಾವ ಹಾಡಿಗೆ ಬೀಡಿ ಸೇದಲು ಎದ್ದು ಹೋಗುತ್ತಾರೆ, ಹೆಣ್ಣುಮಕ್ಕಳು ಯಾವ ಆಟಕ್ಕೆ ಜಾಸ್ತಿ ಬರುತ್ತಾರೆ. ನಮ್ಮ ಕಡೆ ಸೋಮವಾರ ಎತ್ತಿನ ಹೆಗಲಿಗೆ ನೊಗ ಇಡುವುದಿಲ್ಲ. ಹೊಲದ ಕೆಲಸಕ್ಕೆ ಬಿಡುವು. ಸುತ್ತಲಿನ ಹಳ್ಳಿಯವರು ಸಂತೆ ಮುಗಿಸಿ ಮ್ಯಾಟಿನಿಗೆ ಬರುತ್ತಿದ್ದರು. ಬೇರೆ ಕಡೆ ಸೋಮವಾರ ಸಿನಿಮಾ ಬೀಳುವ ದಿನ, ಗದಗಿನಲ್ಲಿ ಏಳುವ ದಿನ. ಬೆಂಗಳೂರಿನ ಗಾಂಧಿನಗರದಲ್ಲಿ ಕೂತವರಿಗೆ ಇದು ಗೊತ್ತಿರಲಿಲ್ಲ. ಒಂದೇ ಪ್ರಿಂಟನ್ನು ಎರಡು ಟಾಕೀಸಿನಲ್ಲಿ ಓಡಿಸುವುದೂ ಇತ್ತು. ಇಲ್ಲಿ ರೀಲು ಮುಗಿಯುತ್ತಿದ್ದ ಹಾಗೆ ಡಬ್ಬಿ ಸೈಕಲ್ ಮೇಲೆ ಹೇರಿಕೊಂಡು ಅಲ್ಲಿಗೆ ಓಡಬೇಕು. ಮಳೆ ಬಂದ ದಿನ ಡಬ್ಬಿ ಮೇಲೆ ನನ್ನ ಅಂಗಿ ಹೊದಿಸಿದ್ದೂ ಉಂಟು. ಈಗ ರೀಲೂ ಇಲ್ಲ, ಡಬ್ಬಿಯೂ ಇಲ್ಲ. ಆದರೆ ಯಾವ ಊರಿನ ಜನ ಯಾವಾಗ, ಯಾಕೆ ಟಾಕೀಸಿಗೆ ಬರುತ್ತಾರೆ ಅನ್ನುವುದನ್ನು ತಿಳಿದವರು ಇವತ್ತಿಗೂ ಕಡಿಮೆ.

ನಿಮ್ಮ ತಂದೆಯವರ ಮಾತಿಗೆ ಬರುತ್ತೇನೆ. ಕನ್ನಡದ ಮೊದಲ ಟಾಕಿ "ಸತಿ ಸುಲೋಚನ" 1934ರಲ್ಲಿ ಬಂತು. ಅದಕ್ಕೆ ದುಡ್ಡು ಹಾಕಿದವರು ಚಮನ್‌ಲಾಲ್ ಡುಂಗಾಜಿ, ಬೆಂಗಳೂರಿನಲ್ಲಿದ್ದ ವ್ಯಾಪಾರಸ್ಥರು. ಶೂಟಿಂಗ್ ನಡೆದದ್ದು ಬೆಳಗಾವಿ ದಾಟಿದರೆ ಸಿಗುವ ಕೊಲ್ಲಾಪುರದಲ್ಲಿ. ಅಂದರೆ ಕನ್ನಡ ಸಿನಿಮಾ ಮಾತು ಕಲಿತದ್ದೇ ಒಬ್ಬ ವ್ಯಾಪಾರಿಯ ದುಡ್ಡಿನಲ್ಲಿ. ಇನ್ನೊಂದು ವಿಷಯ. ಭಾರತದ ದೊಡ್ಡ ನಿರ್ಮಾಪಕರಲ್ಲಿ ಒಬ್ಬರಾದ ವಿ. ಶಾಂತಾರಾಮ್ ಹುಡುಗರಿದ್ದಾಗ ನಮ್ಮ ಹುಬ್ಬಳ್ಳಿಯ ರೈಲ್ವೆ ವರ್ಕ್‌ಶಾಪಿನಲ್ಲಿ ಕೆಲಸ ಮಾಡಿದವರು. ಇಲ್ಲಿನದೇ ಒಂದು ತಗಡಿನ ಟಾಕೀಸಿನಲ್ಲಿ ಬಾಗಿಲು ಕಾಯ್ದವರು. ಮುಂದೆ 1929ರಲ್ಲಿ ಗೆಳೆಯರ ಜೊತೆ ಪ್ರಭಾತ್ ಫಿಲ್ಮ್ ಕಂಪನಿ ಕಟ್ಟಿದರು. ಬಾಗಿಲಲ್ಲಿ ನಿಂತವರಿಗೆ ಒಳಗೆ ಹೋಗುವ ಜನ ಕಾಣುತ್ತಾರೆ.

ಕನ್ನಡದ ದೊಡ್ಡ ನಿರ್ಮಾಪಕರ ಬದುಕು ನೋಡಿದರೆ ಒಂದು ಗುಣ ಎದ್ದು ಕಾಣುತ್ತದೆ. ಜನರನ್ನು ಹುಡುಕಿಕೊಂಡು ಹೋಗುವ ಗುಣ. ಗುಬ್ಬಿ ವೀರಣ್ಣನವರು ನಾಟಕ ಕಂಪನಿ ಕಟ್ಟಿಕೊಂಡು ಊರೂರು ತಿರುಗಿದವರು. ಅವರ ಸಂಸ್ಥೆ ಮದ್ರಾಸಿನ ಎವಿಎಂ ಸ್ಟುಡಿಯೊ ಜೊತೆ ಸೇರಿ 1954ರಲ್ಲಿ "ಬೇಡರ ಕಣ್ಣಪ್ಪ" ತೆಗೆಯಿತು. ರಾಜ್‌ಕುಮಾರ್ ನಾಯಕರಾದದ್ದು ಅದರಲ್ಲೇ. ಮುಂದೆ ಕನ್ನಡ ಚಿತ್ರಗಳು ಕಡಿಮೆಯಾಗಿ ಕೆಲಸ ಇಲ್ಲದ ಕಾಲ ಬಂತು. ಆಗ ರಾಜ್‌ಕುಮಾರ್, ಬಾಲಕೃಷ್ಣ, ನರಸಿಂಹರಾಜು, ಜಿ.ವಿ. ಅಯ್ಯರ್ ಸೇರಿ ಕಲಾವಿದರ ಸಂಘ ಮಾಡಿಕೊಂಡರು. ಊರೂರಲ್ಲಿ ನಾಟಕ ಆಡಿದರು. 1960ರಲ್ಲಿ ತಾವೇ "ರಣಧೀರ ಕಂಠೀರವ" ತೆಗೆದರು. ಯಾರೋ ಬಂದು ಕನ್ನಡ ಸಿನಿಮಾ ಉಳಿಸಲಿ ಅಂತ ಕಾದು ಕೂರಲಿಲ್ಲ. ಗದಗ, ಶಿರಹಟ್ಟಿಯಂಥ ಊರುಗಳೂ ನಾಟಕ ಕಂಪನಿ ಕಟ್ಟಿದ ಊರುಗಳೇ. ಜಾತ್ರೆ ನೋಡಿಕೊಂಡು ಕ್ಯಾಂಪ್ ಹಾಕುವ ವಿದ್ಯೆ ನಮ್ಮ ನೆಲದಲ್ಲೇ ಇದೆ.

ಬಿ.ಆರ್. ಪಂತುಲು ಇನ್ನೊಂದು ದಾರಿ ತೋರಿಸಿದರು. ಅವರ ಪದ್ಮಿನಿ ಪಿಕ್ಚರ್ಸ್ ತಮಿಳಿನಲ್ಲಿ 1959ರಲ್ಲಿ "ವೀರಪಾಂಡಿಯ ಕಟ್ಟಬೊಮ್ಮನ್" ತೆಗೆಯಿತು. ಎರಡು ವರ್ಷಕ್ಕೆ ಕನ್ನಡದಲ್ಲಿ "ಕಿತ್ತೂರು ಚೆನ್ನಮ್ಮ" ತೆಗೆಯಿತು. ತಮಿಳಿನ ಮಾರುಕಟ್ಟೆ ದೊಡ್ಡದು. ಅಲ್ಲಿ ಕೆಲಸ ಮಾಡುತ್ತಲೇ ಅವರು ಕನ್ನಡವನ್ನು ಬಿಡಲಿಲ್ಲ. ನಿಮಗೂ ಒಂದು ಅಂಗಡಿ ಇದೆ. ಅದನ್ನು ಮುಚ್ಚಿ ಸಿನಿಮಾಕ್ಕೆ ಬರಬೇಡಿ. ಅದು ನಡೆಯುತ್ತಿರಲಿ. ಅಂಗಡಿಯ ಅನ್ನ ತಿನ್ನುವವನು ಸಿನಿಮಾದಲ್ಲಿ ಅವಸರ ಮಾಡುವುದಿಲ್ಲ. ಅವಸರವೇ ನಮ್ಮ ಕಸುಬಿನಲ್ಲಿ ಜಾಸ್ತಿ ಜನರನ್ನು ಮುಳುಗಿಸಿದೆ.

"ಸಂಸ್ಕಾರ"ದ ವಿಷಯ ಸ್ವಲ್ಪ ಉದ್ದ ಹೇಳಬೇಕು. ಯಾಕೆಂದರೆ ಅದರ ಬೇರು ಧಾರವಾಡದಲ್ಲಿದೆ. ಅನಂತಮೂರ್ತಿಯವರ ಆ ಕಾದಂಬರಿಯನ್ನು 1965ರಲ್ಲಿ ಪ್ರಕಟ ಮಾಡಿದ್ದು ಧಾರವಾಡದ ಮನೋಹರ ಗ್ರಂಥಮಾಲೆ. ಸುಭಾಸ ರಸ್ತೆಯ ಅಟ್ಟದ ಮೇಲೆ ಜಿ.ಬಿ. ಜೋಶಿಯವರು ನಡೆಸುತ್ತಿದ್ದ ಪ್ರಕಾಶನ. ಪ್ರಾಣೇಶಾಚಾರ್ಯರ ಪಾತ್ರ ಮಾಡಿದ ಗಿರೀಶ ಕಾರ್ನಾಡರು ಧಾರವಾಡದಲ್ಲಿ ಓದಿದವರು. ನಿರ್ಮಾಣ, ನಿರ್ದೇಶನ ಎರಡೂ ಪಟ್ಟಾಭಿರಾಮ ರೆಡ್ಡಿಯವರದು. ಅವರ ಮನೆಮಾತು ತೆಲುಗು. ಶೃಂಗೇರಿ ಹತ್ತಿರದ ಒಂದು ಹಳ್ಳಿಯಲ್ಲಿ ಕಡಿಮೆ ದುಡ್ಡಿನಲ್ಲಿ ಚಿತ್ರೀಕರಣ ಮುಗಿಸಿದರು. ಮದ್ರಾಸಿನ ಸೆನ್ಸಾರ್ ಮಂಡಳಿ ಬಿಡುಗಡೆಗೆ ಒಪ್ಪಲಿಲ್ಲ. ಆಗ ಕೈಚೆಲ್ಲಿ ಕೂತಿದ್ದರೆ ಅಲ್ಲಿಗೆ ಮುಗಿಯುತ್ತಿತ್ತು. ಅವರು ಮೇಲಿನ ತನಕ ಹೋಗಿ ಅನುಮತಿ ತಂದರು. 1970ರ ಅತ್ಯುತ್ತಮ ಚಿತ್ರ ಅಂತ ರಾಷ್ಟ್ರ ಪ್ರಶಸ್ತಿಯ ಸ್ವರ್ಣಕಮಲ ಬಂತು. ಕನ್ನಡಕ್ಕೆ ಅದು ಮೊದಲನೆಯದು. ಮರುವರ್ಷ ಜಿ.ವಿ. ಅಯ್ಯರ್ "ವಂಶವೃಕ್ಷ" ನಿರ್ಮಿಸಿದರು. ಅದರ ಕಾದಂಬರಿಕಾರ ಭೈರಪ್ಪನವರು ಹುಬ್ಬಳ್ಳಿಯ ಕಾಡಸಿದ್ಧೇಶ್ವರ ಕಾಲೇಜಿನಲ್ಲಿ ಪಾಠ ಹೇಳಿದವರು. ಕನ್ನಡದ ಹೊಸ ಅಲೆಯ ಸಿನಿಮಾಕ್ಕೆ ಹುಬ್ಬಳ್ಳಿ-ಧಾರವಾಡದ ಋಣ ಇದೆ ಅಂತ ನಾನು ಹೆಮ್ಮೆಯಿಂದಲೇ ಹೇಳುತ್ತೇನೆ.

ಆಮೇಲೆ "ಚೋಮನ ದುಡಿ", "ಘಟಶ್ರಾದ್ಧ", "ತಬರನ ಕಥೆ", "ತಾಯಿ ಸಾಹೇಬ", "ದ್ವೀಪ"ಕ್ಕೂ ಸ್ವರ್ಣಕಮಲ ಬಂತು. ಜನ ನಿರ್ದೇಶಕರ ಹೆಸರು ನೆನಪಿಟ್ಟುಕೊಳ್ಳುತ್ತಾರೆ. ನೀವು ನಿರ್ಮಾಪಕರ ಹೆಸರನ್ನೂ ನೆನಪಿಡಿ. "ಘಟಶ್ರಾದ್ಧ"ಕ್ಕೆ ನಿಂತವರು ಮುಂಬೈ ಕನ್ನಡಿಗರು, ರಂಗಭೂಮಿಯ ಸದಾನಂದ ಸುವರ್ಣ. "ತಾಯಿ ಸಾಹೇಬ"ದ ನಿರ್ಮಾಪಕಿ ಜಯಮಾಲಾ, "ದ್ವೀಪ"ದ ನಿರ್ಮಾಪಕಿ ಸೌಂದರ್ಯ. ಇಬ್ಬರೂ ಹೆಸರು ಮಾಡಿದ ನಟಿಯರು. ದುಡಿದ ದುಡ್ಡನ್ನು ತಂದು ಇಂಥ ಸಿನಿಮಾಕ್ಕೆ ಹಾಕಿದರು.

ಕಸುಬು ಅಂತ ನೋಡಿದರೆ ನನಗೆ ದೊಡ್ಡ ಗುರು ಪಾರ್ವತಮ್ಮ ರಾಜ್‌ಕುಮಾರ್. 1975ರಲ್ಲಿ "ತ್ರಿಮೂರ್ತಿ"ಯಿಂದ ನಿರ್ಮಾಪಕಿ ಆದರು. ಮುಂದೆ 80ರಷ್ಟು ಸಿನಿಮಾ. ದೊಡ್ಡ ನಟರ ಮನೆಯವರು ಅಂತ ಸುಲಭ ಆಯಿತು ಅನ್ನುವವರಿದ್ದಾರೆ. ಅದು ಪೂರ್ತಿ ನಿಜ ಅಲ್ಲ. ಅವರು ಕನ್ನಡ ಕಾದಂಬರಿಗಳನ್ನು ಓದಿ ಹಕ್ಕು ಕೊಂಡುಕೊಳ್ಳುತ್ತಿದ್ದರು. ಹೊಸ ಹುಡುಗಿಯರಿಗೆ ಅವಕಾಶ ಕೊಡುತ್ತಿದ್ದರು. ಸುಧಾರಾಣಿ, ಮಾಲಾಶ್ರೀ ಎಲ್ಲ ಹಾಗೆ ಬಂದವರೇ. ಎಲ್ಲಕ್ಕಿಂತ ದೊಡ್ಡ ವಿಷಯ, ಹಂಚಿಕೆಯನ್ನೂ ತಮ್ಮ ಕೈಯಲ್ಲೇ ಇಟ್ಟುಕೊಂಡರು. ತೆಗೆದದ್ದು ಅವರೇ, ಊರಿಗೆ ಕಳಿಸಿದ್ದೂ ಅವರೇ. ಹಾಗಾಗಿ ಯಾವ ಊರಲ್ಲಿ ಎಷ್ಟು ಬಂತು ಅಂತ ಅವರಿಗೆ ಯಾರೂ ಹೇಳಬೇಕಾಗಿರಲಿಲ್ಲ.

ಈ ಹಂಚಿಕೆಯ ನಕ್ಷೆ ನಮ್ಮ ಕಡೆಯವರಿಗೆ ಬೇರೆಯದೇ. 1956ರಲ್ಲಿ ಕನ್ನಡ ನಾಡು ಒಂದಾಯಿತು. ಆದರೆ ಹಿಂದಿ ಸಿನಿಮಾ ವ್ಯಾಪಾರದ ನಕ್ಷೆ ಒಂದಾಗಲಿಲ್ಲ. ಅವರ ಲೆಕ್ಕದಲ್ಲಿ ಬೆಂಗಳೂರು, ಮೈಸೂರು ಕಡೆಯದು ಮೈಸೂರು ಸರ್ಕ್ಯೂಟ್. ನಮ್ಮ ಹುಬ್ಬಳ್ಳಿ, ಬೆಳಗಾವಿ ಕಡೆಯದು ಗುಜರಾತ್, ಗೋವಾ ಜೊತೆಗೆ ಮುಂಬೈ ಸರ್ಕ್ಯೂಟಿಗೆ ಸೇರಿದ್ದು. ಕಲಬುರಗಿ ಕಡೆಯದು ನಿಜಾಮ್. ಹಳೇ ಮುಂಬೈ ಪ್ರಾಂತ, ಹಳೇ ನಿಜಾಮನ ರಾಜ್ಯ ಸಿನಿಮಾ ವ್ಯಾಪಾರದಲ್ಲಿ ಇನ್ನೂ ಜೀವಂತ. ಹುಬ್ಬಳ್ಳಿಯ ಟಾಕೀಸಿನಲ್ಲಿ ಕನ್ನಡ ಸಿನಿಮಾ ಮೊದಲಿನಿಂದಲೂ ಹಿಂದಿಯ ಜೊತೆ ಗುದ್ದಾಡಿಕೊಂಡೇ ಬಂದಿದೆ, ಹಿಂದೆ ಮರಾಠಿ, ಈಗ ತೆಲುಗಿನ ಜೊತೆಗೂ. ಅಪ್ಸರಾ, ಸುಧಾ ಟಾಕೀಸುಗಳ ಮುಂದೆ ನಿಂತು ಒಂದು ವರ್ಷ ಪೋಸ್ಟರ್ ನೋಡಿದ್ದರೆ ಸಾಕಿತ್ತು, ಈ ಗುದ್ದಾಟ ಅರ್ಥ ಆಗುತ್ತಿತ್ತು. ಬೆಂಗಳೂರಿನಲ್ಲಿ ಓಡಿದ್ದು ಇಲ್ಲಿ ಓಡಬೇಕಂತಿಲ್ಲ. ಇಲ್ಲಿ ಓಡಿದ್ದರ ಸುದ್ದಿ ಅಲ್ಲಿಗೆ ಮುಟ್ಟಬೇಕಂತಲೂ ಇಲ್ಲ.

ಇಷ್ಟೆಲ್ಲ ಗೊತ್ತಿದ್ದೂ ನನ್ನ ಮೊದಲ ಸಿನಿಮಾದಲ್ಲಿ ನಾನು ತಪ್ಪು ಮಾಡಿದೆ. ನವಲಗುಂದದ ಕಡೆ ಒಂದು ಹಳ್ಳಿಯಲ್ಲಿ ಮೂವತ್ತು ದಿನದ ಶೂಟಿಂಗ್ ಇಟ್ಟುಕೊಂಡಿದ್ದೆ. ಅಡ್ಡಮಳೆ ಬಂತು. ಎರೆಹೊಲ, ಕಾಲಿಟ್ಟರೆ ಮೊಳಕಾಲ ತನಕ ಕೆಸರು. ಆರು ದಿನ ಕೆಲಸ ನಿಂತಿತು. ಊಟ, ಬಾಡಿಗೆ, ಕೆಲಸದವರ ದಿನಭತ್ಯೆ ಬಾಟಾ ಯಾವುದೂ ನಿಲ್ಲಲಿಲ್ಲ. ಪ್ರಚಾರಕ್ಕೆ ಅಂತ ತೆಗೆದಿಟ್ಟ ದುಡ್ಡಿಗೆ ಕೈ ಹಾಕಿದೆ. "ಸಿನಿಮಾ ಚೆನ್ನಾಗಿ ಬಂದರೆ ಜನ ತಾನೇ ಬರುತ್ತಾರೆ" ಅಂತ ಅಂದುಕೊಂಡೆ. ಶುಕ್ರವಾರ ಬಿಡುಗಡೆ. ಪೋಸ್ಟರ್ ನಾಲ್ಕೇ ಊರಲ್ಲಿ. ಹೋಲ್ಡ್‌ಓವರ್‌ಗೆ, ಅಂದರೆ ಸಿನಿಮಾವನ್ನು ಟಾಕೀಸಿನಲ್ಲಿ ಮುಂದುವರಿಸಲು, ಬೇಕಾದಷ್ಟು ಕಲೆಕ್ಷನ್ ಆಗಲಿಲ್ಲ. ಸೋಮವಾರ ರಾತ್ರಿ ಆಟಕ್ಕೇ ಸಿನಿಮಾವನ್ನು ಟಾಕೀಸಿನಿಂದ ಎತ್ತಿಬಿಟ್ಟರು.

ಮಂಗಳವಾರ ಮಧ್ಯಾಹ್ನ ನಾನು ಟಾಕೀಸಿನ ಎದುರಿನ ಚಹಾ ಅಂಗಡಿಯಲ್ಲಿದ್ದೆ. ಒಂದು ಟ್ರ್ಯಾಕ್ಸ್ ಬಂದು ನಿಂತಿತು. ಶೂಟಿಂಗ್ ಮಾಡಿದ ಹಳ್ಳಿಯವರು, ಹದಿನಾಲ್ಕು ಜನ. ಸಿನಿಮಾದಲ್ಲಿ ರೊಟ್ಟಿ ಬಡಿಯುವ ಅಜ್ಜಿಯೂ ಇದ್ದರು. ಇಳಕಲ್ ಸೀರೆ, ಬುತ್ತಿ ಗಂಟು. ಟಾಕೀಸಿನ ಮೇಲೆ ಬೇರೆ ಸಿನಿಮಾದ ಪೋಸ್ಟರ್. ಅಜ್ಜಿ ನನ್ನನ್ನು ನೋಡಿ ಕೇಳಿದರು, "ನಮ್ದು ಎಲ್ಲೈತೋ ಯಪ್ಪಾ?" ನನ್ನ ಬಾಯಿಂದ ಮಾತು ಹೊರಡಲಿಲ್ಲ. ಅವರು ನನ್ನನ್ನು ಬೈಯಲಿಲ್ಲ. ಬುತ್ತಿ ಬಿಚ್ಚಿ ನನಗೂ ಒಂದು ರೊಟ್ಟಿ ಕೊಟ್ಟರು. ಆರು ತಿಂಗಳ ಮೇಲೆ ಆ ಊರ ಜಾತ್ರೆಯಲ್ಲಿ ಪ್ರೊಜೆಕ್ಟರ್ ಬಾಡಿಗೆ ತಂದು, ಗುಡಿ ಮುಂದೆ ಪರದೆ ಕಟ್ಟಿ ಸಿನಿಮಾ ತೋರಿಸಿದೆ. ಸುತ್ತಲ ಊರವರು ಬಂದು, ತಮ್ಮಲ್ಲಿಗೂ ತನ್ನಿ ಅಂದರು. ಆ ವರ್ಷ ಹದಿನೇಳು ಜಾತ್ರೆ ತಿರುಗಿದೆ. ಎರಡನೇ ಸಿನಿಮಾ ಹುಟ್ಟಿದ್ದು ಆ ತಿರುಗಾಟದಲ್ಲೇ. ಅದನ್ನು ಬೆಂಗಳೂರಿನಲ್ಲಿ ಬಿಡುಗಡೆ ಮಾಡಲಿಲ್ಲ. ಹುಬ್ಬಳ್ಳಿಯಿಂದ ರಾಣೆಬೆನ್ನೂರಿನ ತನಕ ಹನ್ನೊಂದು ಟಾಕೀಸು, ಅಷ್ಟೇ. ಬೆಂಗಳೂರಿಗೆ ಹೋದದ್ದು ಮೂರನೇ ವಾರ. ಹಾಕಿದ ದುಡ್ಡು ವಾಪಸ್ ಬಂತು.

ಆವತ್ತಿನಿಂದ ನನ್ನದೊಂದು ಲೆಕ್ಕ ಇದೆ. ನೂರು ರೂಪಾಯಿ ಇದ್ದರೆ ಅರವತ್ತರಲ್ಲಿ ಸಿನಿಮಾ ತೆಗೆಯಬೇಕು. ಮೂವತ್ತು ಅದನ್ನು ಜನರ ಮುಂದೆ ತರೋಕೆ. ಹತ್ತು ಮಳೆಗೆ. ಅರವತ್ತರಲ್ಲಿ ಆಗದ ಕಥೆಯನ್ನು ಮುಟ್ಟುವುದಿಲ್ಲ. ನಿರ್ದೇಶಕರು ಎಷ್ಟೇ ಒಳ್ಳೆಯವರಿರಲಿ, ಆ ಮೂವತ್ತರ ಕೀಲಿ ಅವರ ಕೈಗೆ ಕೊಡಬೇಡಿ. ಸಾಲದ ದುಡ್ಡಿನಲ್ಲಂತೂ ಮೊದಲ ಸಿನಿಮಾ ಬೇಡವೇ ಬೇಡ. ಶೂಟಿಂಗ್ ನಿಂತ ದಿನವೂ ಬಡ್ಡಿ ನಿಲ್ಲುವುದಿಲ್ಲ. ಒಬ್ಬರೇ ಭಾರ ಹೊರಬೇಕಂತಲೂ ಇಲ್ಲ. 2013ರ "ಲೂಸಿಯಾ"ಕ್ಕೆ ನೂರಕ್ಕೂ ಜಾಸ್ತಿ ಜನ ಸೇರಿ ಸುಮಾರು 50 ಲಕ್ಷ ಕೂಡಿಸಿದ್ದರು. ನಿಮ್ಮ ಪೇಟೆಯಲ್ಲಿ ಹತ್ತು ಅಂಗಡಿಯವರು ಪಾಲು ಹಾಕಿದರೆ ಅದು ಪಾಲುದಾರಿಕೆ. ಬಾಯಿಮಾತಿನಲ್ಲಿ ಬೇಡ, ಕಾಗದದ ಮೇಲೆ ಇರಲಿ.

ನೀವು ದಲಾಲಿ ಅಂಗಡಿಯವರು ಅನ್ನುವುದು ನಿಮಗಿರುವ ದೊಡ್ಡ ಬಲ. ಸಿನಿಮಾ ಹಂಚಿಕೆ ಮೂರು ಬಗೆ. ಹಂಚಿಕೆದಾರ ಇಷ್ಟು ಅಂತ ಖಾತ್ರಿ ದುಡ್ಡು ಕೊಟ್ಟು ತೆಗೆದುಕೊಂಡರೆ ಎಂಜಿ, ಅಂದರೆ ಮಿನಿಮಮ್ ಗ್ಯಾರಂಟಿ. ನಷ್ಟ ಆದರೆ ಅವನದು, ಅವನು ಹಾಕಿದ್ದನ್ನು ಮೀರಿ ಬಂದರೆ ನಿಮಗೂ ಪಾಲು. ಮುಂಗಡ ಕೊಟ್ಟು, ಬರದಿದ್ದರೆ ವಾಪಸ್ ಕೇಳಿದರೆ ಅಡ್ವಾನ್ಸ್. ಸುಮ್ನೆ ಓಡಿಸಿಕೊಟ್ಟು ನೂರಕ್ಕೆ ಇಷ್ಟು ಅಂತ ಹಿಡಿದರೆ ಕಮಿಷನ್. ಹೊಸಬರ ಸಿನಿಮಾ ಹೋಗುವುದು ಹೆಚ್ಚಾಗಿ ಕಮಿಷನ್ ಮೇಲೆ. ಅಂದರೆ ನಿಮ್ಮ ಅಂಗಡಿಯ ವ್ಯವಹಾರವೇ, ಅಲ್ವಾ? ಈ ಸಲ ನೀವು ರೈತರ ಜಾಗದಲ್ಲಿ ನಿಂತಿರುತ್ತೀರಿ, ಅಷ್ಟೇ ವ್ಯತ್ಯಾಸ. ಪಟ್ಟಿ ಸರಿಯಾಗಿ ಬಂತಾ, ತೂಕದಲ್ಲಿ ಎಷ್ಟು ಹೋಯಿತು, ಹಣ ಯಾವತ್ತು ಕೈಗೆ ಬಂತು ಅಂತ ರೈತ ನೋಡುವ ಹಾಗೆ ನೀವು ಡಿಸಿಆರ್ ನೋಡಬೇಕು.

ಇನ್ನೊಂದು ಹೋಲಿಕೆ. ಬ್ಯಾಡಗಿ ಮೆಣಸಿನಕಾಯಿಯಲ್ಲಿ ಡಬ್ಬಿ ಬೇರೆ, ಕಡ್ಡಿ ಬೇರೆ. ಅಡುಗೆಮನೆಗೆ ಹೋಗುವ ಲಾಟು ಬೇರೆ, ಬಣ್ಣ ತೆಗೆಯುವ ಕಾರ್ಖಾನೆಗೆ ಹೋಗುವುದು ಬೇರೆ. ಎಲ್ಲವನ್ನೂ ಕಲೆಸಿ ಒಂದೇ ರೇಟಿಗೆ ಮಾರಿದರೆ ನಷ್ಟ. ಸಿನಿಮಾದ ಹಕ್ಕೂ ಹಾಗೇ. ಟಾಕೀಸಿನ ಹಕ್ಕು, ಟಿವಿ ಹಕ್ಕು, ಒಟಿಟಿ ಹಕ್ಕು, ಆಡಿಯೊ, ಡಬ್ಬಿಂಗ್, ರೀಮೇಕ್ ಎಲ್ಲ ಬೇರೆ ಬೇರೆ ಲಾಟು. ಕೈ ಕಟ್ಟಿದಾಗ ಯಾರೋ ಬಂದು "ಎಲ್ಲಾ ಸೇರಿ ಇಷ್ಟು, ಕಾಯಂ" ಅಂತಾರೆ. ಸಹಿ ಹಾಕಬೇಡಿ. ಎಷ್ಟು ವರ್ಷಕ್ಕೆ, ಯಾವ ಭಾಷೆಗೆ, ಯಾವ ದೇಶಕ್ಕೆ ಅಂತ ಪ್ರತಿಯೊಂದಕ್ಕೂ ಗೆರೆ ಎಳೆಯಿರಿ. ಸಿನಿಮಾ ಹಳೆಯದಾದ ಮೇಲೂ ಅನ್ನ ಕೊಡುವುದು ಈ ಹಕ್ಕುಗಳೇ.

ಕಾಗದಪತ್ರದ ವಿಷಯ ಚುಟುಕಾಗಿ ಹೇಳುತ್ತೇನೆ. ಬ್ಯಾನರ್ ಅಂದರೆ ನಿಮ್ಮ ನಿರ್ಮಾಣ ಸಂಸ್ಥೆಯ ಹೆಸರು, ಮತ್ತೆ ಸಿನಿಮಾದ ಶೀರ್ಷಿಕೆ, ಇವೆರಡೂ ಮೊದಲು ನೋಂದಣಿ ಆಗಬೇಕು. ಕರ್ನಾಟಕ ಚಲನಚಿತ್ರ ವಾಣಿಜ್ಯ ಮಂಡಳಿ 1944ರಿಂದ ಇದೆ, ಅಲ್ಲಿ ವಿಚಾರಿಸಿ. ಸೆನ್ಸಾರ್‌ಗೆ ಬೆಂಗಳೂರಿನಲ್ಲೇ ಕಚೇರಿ ಇದೆ. ಯುಎ ಪ್ರಮಾಣಪತ್ರದಲ್ಲಿ ಈಗ 7, 13, 16 ವಯಸ್ಸಿನ ಮೂರು ಬಗೆ. ಹಾವೇರಿ ಕಡೆಯವರು ಒಂದು ಮಾತು ಮರೆಯಬಾರದು. ಕಥೆಯಲ್ಲಿ ಹೋರಿ ಹಬ್ಬ ಬಂತು ಅಂದರೆ ಪ್ರಾಣಿ ಕಲ್ಯಾಣ ಮಂಡಳಿಯ ಅನುಮತಿಯನ್ನು ಶೂಟಿಂಗ್‌ಗೆ ಮೊದಲೇ ತೆಗೆದುಕೊಳ್ಳಬೇಕು. ತೆಗೆದ ಮೇಲೆ ಓಡಾಡಿದರೆ ಆ ದೃಶ್ಯವೇ ಹೋಗಬಹುದು. ಲಕ್ಕುಂಡಿಯ ಗುಡಿಗಳಲ್ಲಿ ಶೂಟಿಂಗ್ ಅಂದರೆ ಪುರಾತತ್ವ ಇಲಾಖೆಯ ಅನುಮತಿ ಬೇಕು. ಸರ್ಕಾರದ ಸಬ್ಸಿಡಿಗೆ ಅರ್ಜಿ ಹಾಕಿ, ಆದರೆ ಬಜೆಟ್‌ನಲ್ಲಿ ಅದನ್ನು ಬರೆಯಬೇಡಿ. ಬಂದಾಗ ಬರಲಿ. ಒಂದು ಒಳ್ಳೆಯ ಸುದ್ದಿಯೂ ಇದೆ. 2025ರ ಸೆಪ್ಟೆಂಬರ್‌ನಿಂದ 100 ರೂಪಾಯಿ ಒಳಗಿನ ಟಿಕೆಟ್ಟಿಗೆ ಜಿಎಸ್‌ಟಿ 5%, ಅದಕ್ಕಿಂತ ಜಾಸ್ತಿ ಬೆಲೆಯದಕ್ಕೆ 18%. ಸಣ್ಣ ಊರಿನ ಟಾಕೀಸಿಗೆ ಇದರಿಂದ ಸ್ವಲ್ಪ ಉಸಿರು.

ಇನ್ನು ನಮ್ಮ ಕಡೆಯ ಕಥೆ, ನಮ್ಮ ಕಡೆಯ ಮಾತು. ಇಲ್ಲಿನ ಕಥೆ ತೆರೆಗೆ ಬಂದೇ ಇಲ್ಲ ಅಂತಲ್ಲ. ಶಿಶುನಾಳ ಇರುವುದು ನಿಮ್ಮದೇ ಜಿಲ್ಲೆಯಲ್ಲಿ. ನಾಗಾಭರಣ ಅವರ "ಸಂತ ಶಿಶುನಾಳ ಶರೀಫ" ರಾಷ್ಟ್ರೀಯ ಭಾವೈಕ್ಯಕ್ಕೆ ಕೊಡುವ ನರ್ಗಿಸ್ ದತ್ ಪ್ರಶಸ್ತಿ ಪಡೆಯಿತು. ಗದಗಿನ ಪಂಚಾಕ್ಷರಿ ಗವಾಯಿಗಳ ಬಗ್ಗೆ ಚಿಂದೋಡಿ ಮನೆತನದವರು ತೆಗೆದ ಸಿನಿಮಾಕ್ಕಾಗಿ ಹಂಸಲೇಖ, ಎಸ್.ಪಿ. ಬಾಲಸುಬ್ರಹ್ಮಣ್ಯಂ ಇಬ್ಬರಿಗೂ ರಾಷ್ಟ್ರ ಪ್ರಶಸ್ತಿ ಬಂತು. ಹುಬ್ಬಳ್ಳಿಯ ವಿಆರ್‌ಎಲ್ ಕೂಡ 2022ರಲ್ಲಿ "ವಿಜಯಾನಂದ" ತೆಗೆದು ಹಲವು ಭಾಷೆಯಲ್ಲಿ ಬಿಡುಗಡೆ ಮಾಡಿತು. ಆದರೂ ಇವೆಲ್ಲ ದೊಡ್ಡವರ, ಸಂತರ ಕಥೆ. ಗದಗಿನ ಪ್ರೆಸ್ಸಿನಲ್ಲಿ ಮೊಳೆ ಜೋಡಿಸಿದವರು, ಎಪಿಎಂಸಿಯಲ್ಲಿ ಮೆಣಸಿನಕಾಯಿ ತುಂಬು ಕೀಳುವ ಹೆಣ್ಣುಮಕ್ಕಳು, ರೈಲ್ವೆ ವರ್ಕ್‌ಶಾಪಿನ ಭೋಂಗಾ ಕೇಳಿ ಬೆಳೆದ ಮನೆಗಳು ತೆರೆಗೆ ಬಂದದ್ದು ತೀರಾ ಕಡಿಮೆ. ನಮ್ಮ ಮಾತು ಬಹಳ ಕಾಲ ನಗಿಸುವ ಪಾತ್ರಕ್ಕೆ ಮೀಸಲಾಗಿತ್ತು. ಹೀರೋ ಬೆಂಗಳೂರು ಕನ್ನಡ, ಅವನ ಹಿಂದೆ ಬರುವವನು "ಯಾಕಲೇ ಮಗನ" ಅನ್ನುವವನು. ಇದು ನನಗೆ ಇವತ್ತಿಗೂ ನೋವು ಕೊಡುತ್ತದೆ. ನಮ್ಮ ಮಾತಿನಲ್ಲಿ ಅಳಬಹುದು, ಪ್ರೀತಿ ಮಾಡಬಹುದು, ಸಾಯುವ ಮುಂಚೆ ಕೊನೆಯ ಮಾತೂ ಆಡಬಹುದು.

ಮಾತು ಅರ್ಥ ಆಗದಿದ್ದರೆ ಅನ್ನುವ ಹೆದರಿಕೆ ಬೇಡ. "ತಿಥಿ"ಯಲ್ಲಿ ನಟಿಸಿದ್ದು ಮಂಡ್ಯ ಕಡೆಯ ಹಳ್ಳಿಯ ಮಂದಿ, ಆಡಿದ್ದು ಅವರದೇ ಮಾತು. 2015ರಲ್ಲಿ ಸ್ವಿಟ್ಜರ್‌ಲೆಂಡಿನ ಲೊಕಾರ್ನೊದಲ್ಲಿ ಅದಕ್ಕೆ ಎರಡು ಪ್ರಶಸ್ತಿ ಬಂತು. 2022ರ "ಕಾಂತಾರ" ಮೊದಲು ಕನ್ನಡದಲ್ಲಷ್ಟೇ ಬಂತು. ಇಲ್ಲಿ ಜನ ಮೆಚ್ಚಿದ ಮೇಲೆ, ಎರಡು ವಾರ ಕಳೆದು ಹಿಂದಿಗೆ ಹೋಯಿತು. ಡಬ್ಬಿಂಗ್ ಬಗ್ಗೆ ನೀವು ಕೇಳಿಲ್ಲ, ಆದರೂ ಹೇಳಬೇಕು. 1960ರ ದಶಕದಲ್ಲಿ ಅ.ನ.ಕೃ., ಮ. ರಾಮಮೂರ್ತಿ ಮುಂತಾದವರು ಹೋರಾಡಿ, ಬೇರೆ ಭಾಷೆಯ ಸಿನಿಮಾ ಕನ್ನಡಕ್ಕೆ ಡಬ್ ಆಗಿ ಬರುವುದನ್ನು ನಿಲ್ಲಿಸಿದರು. ಆಗ ನಮ್ಮ ಸಿನಿಮಾ ಸಣ್ಣ ಸಸಿ, ಬೇಲಿ ಬೇಕಿತ್ತು. 2015ರಲ್ಲಿ ಸ್ಪರ್ಧಾ ಆಯೋಗ ಆ ಬೇಲಿ ಸರಿಯಲ್ಲ ಅಂತ ಆದೇಶ ಕೊಟ್ಟಿತು. ನನ್ನ ಅಭಿಪ್ರಾಯ ಇಷ್ಟು. ಈಗ ಬೇಲಿಗಾಗಿ ಜಗಳ ಆಡುವ ಹೊತ್ತಿನಲ್ಲಿ ಇನ್ನೊಂದು ಒಳ್ಳೆಯ ಸಿನಿಮಾ ತೆಗೆಯಬಹುದು. ಹುಬ್ಬಳ್ಳಿಯ ಪ್ರೇಕ್ಷಕರು ಎಂದಿನಿಂದಲೂ ನಾಲ್ಕು ಭಾಷೆ ನೋಡಿದವರು. ಅವರನ್ನು ಕಟ್ಟಿಹಾಕಲು ಆಗುವುದಿಲ್ಲ, ಕರೆಯಬೇಕು.

ಈಗ ಮಾಡಬೇಕಾದ್ದು. ಮೊದಲ ವರ್ಷ ಏನೂ ತೆಗೆಯಬೇಡಿ. ಯಾರಾದರೂ ಹಂಚಿಕೆದಾರರ ಬಳಿ ಸೇರಿಕೊಳ್ಳಿ, ಸಂಬಳ ಕೇಳಬೇಡಿ. ಹಾವೇರಿ, ಗದಗ, ಧಾರವಾಡ ಜಿಲ್ಲೆಯ ಪ್ರತಿ ಟಾಕೀಸಿಗೆ ಹೋಗಿ. ಎಷ್ಟು ಸೀಟು, ಬಾಡಿಗೆಯೋ ಶೇರೋ, ಪರದೆ ಹೇಗಿದೆ, ಹೆಣ್ಣುಮಕ್ಕಳ ಶೌಚಾಲಯ ಹೇಗಿದೆ ಅಂತ ಒಂದು ನೋಟ್‌ಬುಕ್‌ನಲ್ಲಿ ಬರೆಯಿರಿ. ಶೌಚಾಲಯ ಚೆನ್ನಾಗಿಲ್ಲದ ಟಾಕೀಸಿಗೆ ಸಂಸಾರಸ್ಥರು ಬರುವುದಿಲ್ಲ, ಇದನ್ನು ಯಾರೂ ಲೆಕ್ಕಕ್ಕೆ ಹಿಡಿಯುವುದಿಲ್ಲ. ಜಾತ್ರೆಗಳ ತಾರೀಖು ಬರೆದುಕೊಳ್ಳಿ. ಎರಡನೇ ವರ್ಷ ಯಾರದಾದರೂ ಶೂಟಿಂಗ್‌ನಲ್ಲಿ ಪ್ರೊಡಕ್ಷನ್ ಮ್ಯಾನೇಜರ್ ಕೈಕೆಳಗೆ ಕೆಲಸ ಮಾಡಿ. ಬೆಳಿಗ್ಗೆ ಐದಕ್ಕೆ ಅರವತ್ತು ಜನರಿಗೆ ತಿಂಡಿ ಎಲ್ಲಿಂದ ತರಬೇಕು ಅನ್ನುವುದು ಗೊತ್ತಿಲ್ಲದ ನಿರ್ಮಾಪಕನಿಗೆ ಎಲ್ಲರೂ ಟೋಪಿ ಹಾಕುತ್ತಾರೆ. ನವೆಂಬರ್‌ನಲ್ಲಿ ಗೋವಾದ ಚಿತ್ರೋತ್ಸವಕ್ಕೆ ಹೋಗಿ, ಸಿನಿಮಾ ತೆಗೆಯುವವರು, ಕೊಳ್ಳುವವರು ಸೇರುವ ಫಿಲ್ಮ್ ಬಜಾರ್ ಅಲ್ಲೇ ನಡೆಯುತ್ತದೆ. ಹುಬ್ಬಳ್ಳಿಯಿಂದ ಗೋವಾ ಬೆಂಗಳೂರಿಗಿಂತ ಹತ್ತಿರ. ಜೊತೆಗೆ ಓದುತ್ತಿರಿ. ಧಾರವಾಡದ ಅಟ್ಟದ ಮೇಲೆ ಇನ್ನೂ ಕಥೆಗಳಿವೆ. ಹಕ್ಕು ಕೇಳುವಾಗ ಲೇಖಕರಿಗೆ ಮೊದಲು ದುಡ್ಡು ಕೊಡಿ, ಕಡಿಮೆ ಆದರೂ ಸರಿ, ಮುಂಗಡವಾಗಿ.

ಮೂರನೇ ವರ್ಷ ಕಥೆ ಹುಡುಕಿ. ಅದು ಬ್ಯಾಡಗಿಯಲ್ಲೇ ಸಿಕ್ಕರೆ ನನಗೆ ಆಶ್ಚರ್ಯ ಇಲ್ಲ.

ನಿಮ್ಮ ತಂದೆಯವರನ್ನು ಒಂದು ದಿನ ಹುಬ್ಬಳ್ಳಿಗೆ ಕರೆದುಕೊಂಡು ಬನ್ನಿ. ಸುಗ್ಗಿ ಮುಗಿದ ಮೇಲೆ ಬಂದರೆ ಅವರಿಗೂ ಬಿಡುವು. ನನ್ನ ಬಳಿ 1987ರಿಂದ ಇಟ್ಟುಕೊಂಡ ಡಿಸಿಆರ್ ಫೈಲುಗಳಿವೆ. ಮೊದಲ ಸಿನಿಮಾದ ನಾಲ್ಕು ದಿನದ ಹಾಳೆಗಳೂ ಅದರಲ್ಲೇ ಇವೆ. ಲೆಕ್ಕ ಗೊತ್ತಿರುವವರು. ಅವರೇ ಓದಿ ನೋಡಲಿ.